ಮಾತು ಅವರದು, ದುಡ್ಡು ಇವರದು

ಕೆಫೆ ಕಾಫಿ ಡೇ ಸ್ಥಾಪಕ ವಿ.ಜಿ. ಸಿದ್ಧಾರ್ಥ ಅವರದೆಂದು ಹೇಳಲಾದ 2019ರ ಜುಲೈ 27ರ ಪತ್ರದಲ್ಲಿ ಷೇರು ಮರುಖರೀದಿಯ ಮಾತೊಂದಿತ್ತು. ಪ್ರೈವೇಟ್ ಈಕ್ವಿಟಿ ಪಾಲುದಾರರೊಬ್ಬರು ತಮ್ಮ ಷೇರುಗಳನ್ನು ಮರಳಿ ಕೊಳ್ಳುವಂತೆ ಬೆನ್ನುಬಿದ್ದಿದ್ದರು. ಆ ವ್ಯವಹಾರದ ಒಂದು ಭಾಗವನ್ನು ಸ್ನೇಹಿತರೊಬ್ಬರಿಂದ ದೊಡ್ಡ ಮೊತ್ತ ಸಾಲ ಪಡೆದು ಮುಗಿಸಲಾಗಿತ್ತು. ಜತೆಗೆ ಸಾಲ ಕೊಟ್ಟ ಇತರರ ಒತ್ತಡ. ನಾಲ್ಕು ದಿನಗಳ ಬಳಿಕ ನೇತ್ರಾವತಿಯಲ್ಲಿ ಅವರ ಶವ ಸಿಕ್ಕಿತು. ಊರೆಲ್ಲ ಚರ್ಚಿಸಿದ್ದು ಅದೇ ಪತ್ರದಲ್ಲಿದ್ದ ಆದಾಯ ತೆರಿಗೆ ಇಲಾಖೆಯ ಮೇಲಿನ ದೂರನ್ನು. ಮರುಖರೀದಿಯ ಸಾಲನ್ನು ಬಹುತೇಕರು ಓದಿ ಮುಂದೆ ಹೋದರು.

ನಿಲ್ಲಬೇಕಿದ್ದುದು ಅಲ್ಲೇ. ಷೇರು ಕೊಂಡವನು ಲಾಭಕ್ಕೂ ನಷ್ಟಕ್ಕೂ ಹೆಗಲು ಕೊಡಬೇಕು. ಇಷ್ಟು ವರ್ಷದೊಳಗೆ ಇಷ್ಟು ಬೆಲೆಗೆ ವಾಪಸ್ ತೆಗೆದುಕೊಳ್ಳುತ್ತೇನೆ ಎಂದು ಬರೆದುಕೊಟ್ಟ ಮೇಲೆ ಅದು ಷೇರಿನ ವೇಷ ತೊಟ್ಟ ವಾಯಿದೆ ಸಾಲ. ಹಾಗೆ ಬರೆದುಕೊಡಲು ಕಂಪನಿಗೆ ಕಾನೂನಿನ ತಡೆಯಿದೆ. ಕಂಪನಿ ಕಾಯ್ದೆಯ 68ನೇ ಸೆಕ್ಷನ್ ಪ್ರಕಾರ ಮರುಖರೀದಿಯು ಪಾವತಿಯಾದ ಬಂಡವಾಳ ಮತ್ತು ಮುಕ್ತ ಮೀಸಲಿನ ಶೇ 25ರ ಮಿತಿ ದಾಟುವಂತಿಲ್ಲ. ಸಾಲ ತಂದು ಕೊಳ್ಳುವಂತೆಯೂ ಇಲ್ಲ. ಆದ್ದರಿಂದ ಪ್ರವರ್ತಕ ತನ್ನ ಹೆಸರಿನಲ್ಲಿ ಮಾತು ಕೊಡುತ್ತಾನೆ. ಆ ಮಾತು ಕಂಪನಿಯ ಲೆಕ್ಕಪತ್ರದಲ್ಲಿ ಸಾಲವೆಂದು ಕಾಣುವುದಿಲ್ಲ.

ಮಾತು ಕೊಟ್ಟವರು ತೀರಿಸಲೇಬೇಕು, ಅದರಲ್ಲಿ ಎರಡು ಮಾತಿಲ್ಲ. ಜಪಾನಿನ ಡೊಕೊಮೊ 2009ರಲ್ಲಿ ಟಾಟಾ ಟೆಲಿಸರ್ವಿಸಸ್‌ನ ಷೇರುಗಳನ್ನು ತಲಾ 117 ರೂಪಾಯಿಗೆ ಕೊಂಡಿತ್ತು. ಹೊರಹೋಗುವಾಗ ಕನಿಷ್ಠ ಅರ್ಧ ಬೆಲೆಯಾದರೂ ಸಿಗಬೇಕೆಂಬುದು ಒಪ್ಪಂದ. ವಿದೇಶಿ ಹೂಡಿಕೆದಾರರಿಗೆ ಅಂಥ ಬೆಲೆಯ ಖಾತರಿ ಕೊಡುವಂತಿಲ್ಲ ಎಂದು ರಿಸರ್ವ್ ಬ್ಯಾಂಕ್ ಅಡ್ಡಬಂತು. ಲಂಡನ್ನಿನ ಮಧ್ಯಸ್ಥಿಕೆ ನ್ಯಾಯಮಂಡಳಿ 2016ರಲ್ಲಿ 117 ಕೋಟಿ ಡಾಲರ್ ಪರಿಹಾರಕ್ಕೆ ಆದೇಶಿಸಿತು, 2017ರ ಏಪ್ರಿಲ್‌ನಲ್ಲಿ ದೆಹಲಿ ಹೈಕೋರ್ಟ್ ಅದನ್ನು ಎತ್ತಿಹಿಡಿಯಿತು. ಮಾತು ಕೊಟ್ಟಿದ್ದ ಟಾಟಾ ಸನ್ಸ್ ಹಣ ಕಟ್ಟಿತು. ಮಾತು ಯಾರದೋ ಕಿಸೆಯೂ ಅವರದೇ ಆಗಿತ್ತು.

ಕಾಫಿ ಡೇ ಪ್ರಕರಣ ಹಾಗಿಲ್ಲ. ಏಳು ಅಂಗಸಂಸ್ಥೆಗಳಿಂದ 3,535 ಕೋಟಿ ರೂಪಾಯಿ ಸಿದ್ಧಾರ್ಥ ಕುಟುಂಬದ ಖಾಸಗಿ ಸಂಸ್ಥೆ ಮೈಸೂರ್ ಅಮಾಲ್ಗಮೇಟೆಡ್ ಕಾಫಿ ಎಸ್ಟೇಟ್ಸ್‌ಗೆ ಹರಿದಿತ್ತು. ಆ ಹಣದ ದೊಡ್ಡ ಪಾಲು ಪ್ರೈವೇಟ್ ಈಕ್ವಿಟಿ ಹೂಡಿಕೆದಾರರ ಷೇರು ಮರುಖರೀದಿಗೆ, ಸಾಲ ಮತ್ತು ಬಡ್ಡಿಗೆ ಹೋಗಿರಬಹುದೆಂದು ಕಂಪನಿಯೇ ಮಾಡಿಸಿದ ತನಿಖೆಯ ವರದಿ 2020ರಲ್ಲಿ ಅಂದಾಜಿಸಿತು. ಹರಿದದ್ದು ಹೇಗೆ? ಸಹಿ ಮಾಡುವ ಅಧಿಕಾರವಿದ್ದವರಿಂದ ಖಾಲಿ ಚೆಕ್‌ಗಳಿಗೆ ಒಟ್ಟಿಗೇ ಸಹಿ ಹಾಕಿಸಿ ಇಟ್ಟುಕೊಳ್ಳುವ ರೂಢಿಯಿತ್ತೆಂದು ಷೇರುಪೇಟೆ ನಿಯಂತ್ರಕ ಸೆಬಿಯ ಆದೇಶ ಹೇಳುತ್ತದೆ. ಬೆಂಗಳೂರಿನ ಗಲ್ಲಿಯ ಚೀಟಿ ನಡೆಸುವವರೂ ಅಷ್ಟು ನಿಶ್ಚಿಂತರಾಗಿರುವುದಿಲ್ಲ! ಆಡಳಿತ ಮಂಡಳಿ ಏನು ಮಾಡುತ್ತಿತ್ತು? ಲೆಕ್ಕ ಪರಿಶೋಧಕರು ಏನನ್ನು ಶೋಧಿಸುತ್ತಿದ್ದರು? ಸೆಬಿ 2023ರ ಜನವರಿಯಲ್ಲಿ 26 ಕೋಟಿ ದಂಡ ವಿಧಿಸಿತು. ಅದೂ ಹಣ ಕಳೆದುಕೊಂಡ ಕಂಪನಿಗೇ.

ಸಾಲ ವಸೂಲಿಯದು ಬೇರೆಯೇ ಅಲೆದಾಟ. ಡಿಬೆಂಚರು ಹಣ 228 ಕೋಟಿ ಬಾಕಿಯಿದೆಯೆಂಬ ಅರ್ಜಿಯ ಮೇಲೆ ಕಂಪನಿ ಕಾನೂನು ನ್ಯಾಯಮಂಡಳಿ ಎನ್‌ಸಿಎಲ್‌ಟಿ 2024ರ ಆಗಸ್ಟ್‌ನಲ್ಲಿ ಕಾಫಿ ಡೇ ವಿರುದ್ಧ ದಿವಾಳಿ ಪ್ರಕ್ರಿಯೆ ಆರಂಭಿಸಿತು. ಮೇಲ್ಮನವಿ ನ್ಯಾಯಮಂಡಳಿ ಆರೇ ತಿಂಗಳಲ್ಲಿ ಅದನ್ನು ರದ್ದುಪಡಿಸಿತು.

ಸತ್ತವರ ಮೇಲೆ ಎಲ್ಲವನ್ನೂ ಹೊರಿಸಿ ಕಡತ ಮುಚ್ಚುವುದು ಸುಲಭ. ಚಿಕ್ಕಮಗಳೂರಿನ ಕಾಫಿಯನ್ನು ದೇಶದ ಪೇಟೆ ಪೇಟೆಗೆ ಒಯ್ದ ಮನುಷ್ಯನನ್ನು ಬರೀ ಅಪರಾಧಿಯೆಂದು ಕಾಣುವುದು ನಮಗಂತೂ ಆಗದು. ಅನುಕಂಪವೇ ಬೇರೆ, ಲೆಕ್ಕವೇ ಬೇರೆ. ಲಿಸ್ಟಾದ ಕಂಪನಿಯ ಷೇರುದಾರರು, ಪ್ರವರ್ತಕರು ಮಾಡಿಕೊಂಡ ಕೆಲವು ಒಪ್ಪಂದಗಳನ್ನು ಬಹಿರಂಗಪಡಿಸಬೇಕೆಂದು ಸೆಬಿ 2023ರಲ್ಲಿ ನಿಯಮ ತಂದಿದೆ. ಅದರ ಅಳತೆಗೋಲು ಕಂಪನಿಯ ಆಡಳಿತ, ನಿಯಂತ್ರಣ ಮತ್ತು ಹೊಣೆ. ಸ್ವಂತ ಹೆಸರಿನಲ್ಲಿ ಕೊಟ್ಟ ಮರುಖರೀದಿಯ ಮಾತು ಇದರಡಿ ಬರುವುದಿಲ್ಲ ಎಂದು ವಾದಿಸಲು ಬೇಕಾದಷ್ಟು ಜಾಗವಿದೆ. ಆ ಜಾಗವನ್ನು ಸೆಬಿ ಮುಚ್ಚಬೇಕು. ಪ್ರವರ್ತಕರ ಪ್ರತಿಯೊಂದು ಮರುಖರೀದಿ ಮಾತು ಬೆಲೆ ಮತ್ತು ಗಡುವಿನ ಸಮೇತ ಷೇರುಪೇಟೆಯ ಮುಂದೆ ಬರಬೇಕು. ಬಚ್ಚಿಟ್ಟವರು ಆಡಳಿತ ಮಂಡಳಿಯಲ್ಲಿ ಕೂರಬಾರದು.

2015ರ ಅಕ್ಟೋಬರ್‌ನಲ್ಲಿ ಕಾಫಿ ಡೇ ಷೇರನ್ನು 328 ರೂಪಾಯಿ ಕೊಟ್ಟು ಕೊಂಡ ಸಣ್ಣ ಹೂಡಿಕೆದಾರರಿಗೆ ಮರಳಿ ಕೊಳ್ಳುವ ಮಾತನ್ನು ಯಾರೂ ಕೊಟ್ಟಿರಲಿಲ್ಲ.