ಅರೆಕಾಲು: ನುಡಿಯೊಳಗಿನ ಗುಣಾಕಾರ

ಭಿನ್ನರಾಶಿಗಳನ್ನು ಗುಣಿಸಿದಾಗ ಲಬ್ಧವು ಕಿರಿದಾಗುವುದೇಕೆ ಎಂಬಲ್ಲಿ ಮಕ್ಕಳು ಎಡವುತ್ತಾರೆ. ಉತ್ತರವು ಕನ್ನಡದ ಒಂದೇ ಪದದಲ್ಲಿದೆ: ಅರೆಕಾಲು. ಕಾಲಿನ ಅರೆ, ಎಂದರೆ ಎಂಟರಲ್ಲೊಂದು. ಇಲ್ಲಿ ಗುಣಿಸುವುದೆಂದರೆ ಪಾಲಿನಲ್ಲಿ ಪಾಲು ತೆಗೆಯುವುದು.

ಅಮೋಘವರ್ಷ ನೃಪತುಂಗನ ಕಾಲದ (ಕ್ರಿ.ಶ. 9ನೆಯ ಶತಮಾನ) ಜೈನ ಗಣಿತಜ್ಞ ಮಹಾವೀರಾಚಾರ್ಯನು 'ಗಣಿತಸಾರಸಂಗ್ರಹ'ದಲ್ಲಿ ಇದನ್ನೇ ಶುಂಠಿಯ ಬೆಲೆಯ ಲೆಕ್ಕದಿಂದ ಕಲಿಸುತ್ತಾನೆ, ಗುಣಿಸುವ ಮುನ್ನ ಅಂಶ-ಛೇದಗಳನ್ನು ಅಡ್ಡಲಾಗಿ ಸಂಕ್ಷೇಪಿಸುವ ಕ್ರಮವನ್ನು 'ವಜ್ರಾಪವರ್ತನ'ವೆನ್ನುತ್ತಾನೆ. 12ನೆಯ ಶತಮಾನದಲ್ಲಿ ರಾಜಾದಿತ್ಯನು 'ವ್ಯವಹಾರಗಣಿತ'ವನ್ನು ಕನ್ನಡದಲ್ಲೇ ರಚಿಸಿದನು.

ಶಿರಸಿ, ಸಿದ್ದಾಪುರ, ಯಲ್ಲಾಪುರಗಳ ಅಡಕೆ ಸೀಮೆಯಲ್ಲಿ ಹಿಸ್ಸೆಯ ಮಾತು ಮಕ್ಕಳ ಕಿವಿಗೆ ಹೊಸತಲ್ಲ. ಮುಕ್ಕಾಲು ಎಕರೆ ತೋಟದ ಮೂರರಲ್ಲೆರಡು ಪಾಲು ಎಷ್ಟು? ಅಡ್ಡಲಾಗಿ 3ಕ್ಕೆ 3 ಹೋಗುತ್ತದೆ. 2ರಿಂದ 4 ಸಂಕ್ಷೇಪಗೊಂಡು ಅರ್ಧ ಎಕರೆ ಉಳಿಯುತ್ತದೆ. 30 ಗುಂಟೆಯಲ್ಲಿ 20 ಗುಂಟೆ; ತಾಳೆಯೂ ಸಿಕ್ಕಿತು.

ಹಳೆಯ ಅಳತೆಗಳು ಬಳಕೆಯಲ್ಲಿಲ್ಲವೆಂಬ ಆಕ್ಷೇಪ ನಿಜವೇ. ಆದರೆ ಬೇಕಾದುದು ಪಣ, ಪಲಗಳಲ್ಲ. ಊರಿನ ವಸ್ತುವಿನಿಂದ, ನಾಡಿನ ನುಡಿಯಿಂದ ಲೆಕ್ಕ ಕಟ್ಟುವ ವಿವೇಕ. ಅದು ಸಾಹಿತ್ಯಾಭ್ಯಾಸಿಗಳ ಹೊಣೆಯೂ ಹೌದು: ರಾಜಾದಿತ್ಯನನ್ನು ಕವಿಚರಿತೆಯ ನಮೂದಾಗಿ ಉಳಿಸಿ ಓದದೆ ಬಿಟ್ಟರೆ, ಶಾಲೆಯ ಮಗುವಿಗೆ ಅರೆಕಾಲನ್ನು ಹಿಂದಿರುಗಿಸುವವರು ಯಾರು?