ಮುದ್ದತು ಮೀರಿದ ಮೇಲೆ ಅಪೀಲಿನ ಓಡಾಟ

ಗಡಿನಾಡಿನ ಹೊಲದ ತಂಟೆಗಳಲ್ಲಿ ನಮ್ಮವರು ಬಹಳ ಸಲ ಸೋಲುವುದು ನ್ಯಾಯ ಇಲ್ಲದ್ದಕ್ಕಲ್ಲ, ತಡ ಮಾಡಿದ್ದಕ್ಕೆ. ಜತ್ತ, ಅಕ್ಕಲಕೋಟ ಕಡೆಯ ರೈತರ ಕಾಗದಪತ್ರ ಓದಿ ಹೇಳುವಾಗಲೆಲ್ಲ ನನಗೆ ಹೀಗೆಯೇ ಅನಿಸಿದೆ. ಡಿಕ್ರಿ ಆಗಿ ವರ್ಷಗಳೇ ಕಳೆದಿರುತ್ತವೆ. ಅಳತೆಯವರು ಬಂದು ಬದುವಿನ ಮೇಲೆ ನಿಂತಾಗ ‘ಈಗ ಏನ್ ಮಾಡೂಣ್ರಿ?’ ಎಂಬ ಪ್ರಶ್ನೆ ಏಳುತ್ತದೆ.

ವಾಟಣಿ ದಾವೆಯಲ್ಲಿ ಎರಡು ಡಿಕ್ರಿ ಇರುತ್ತವೆ ಎಂಬುದು ಅನೇಕರಿಗೆ ಗೊತ್ತಿಲ್ಲ. ಯಾರಿಗೆ ಎಷ್ಟು ಪಾಲು ಎಂಬುದು ಪ್ರಾಥಮಿಕ ಡಿಕ್ರಿಯಲ್ಲಿಯೇ ತೀರ್ಮಾನ. ನಂತರ ಕಂದಾಯದ ಜಮೀನು ಹಂಚಲು ಕಾಗದ ಕಲೆಕ್ಟರ್ ಕಚೇರಿಗೆ ಹೋಗುತ್ತದೆ. ಅಲ್ಲಿ ಕಾಲ ಹಿಡಿಯುವುದರಿಂದ ‘ಕೇಸು ಇನ್ನೂ ನಡದೈತಿ’ ಅಂತ ನಮ್ಮವರು ಸುಮ್ಮನಿರುತ್ತಾರೆ. ಆದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 97ನೇ ಕಲಮು ಸ್ಪಷ್ಟವಾಗಿದೆ: ಪ್ರಾಥಮಿಕ ಡಿಕ್ರಿಯ ಮೇಲೆ ಅಪೀಲು ಮಾಡದವನು ಅಂತಿಮ ಡಿಕ್ರಿಯ ಅಪೀಲಿನಲ್ಲಿ ಅದನ್ನು ತಪ್ಪೆನ್ನುವಂತಿಲ್ಲ. ಬಾವಿ ಯಾರ ಕಡೆ ಬಂತು, ದಾರಿ ಬಿಟ್ಟರೋ ಇಲ್ಲವೋ ಎಂದು ಕೇಳಬಹುದು. ಪಾಲೇ ತಪ್ಪು ಎನ್ನಲಾಗದು. ಅಂತಿಮ ಡಿಕ್ರಿಗೆ ಮುಂಚೆ ಕಾನೂನೇ ಬದಲಾದರೆ ಮಾತು ಬೇರೆ. 2005ರ ತಿದ್ದುಪಡಿಯಿಂದ ಹೆಣ್ಣುಮಕ್ಕಳಿಗೆ ಬಂದ ಹಕ್ಕಿನ ಪ್ರಕಾರ ಪ್ರಾಥಮಿಕ ಡಿಕ್ರಿಯ ಪಾಲನ್ನು ಬದಲಿಸಬಹುದೆಂದು ಸುಪ್ರೀಂ ಕೋರ್ಟು 2011ರಲ್ಲಿ ಹೇಳಿದೆ.

1963ರ ಮುದ್ದತು ಕಾಯ್ದೆಯ ಲೆಕ್ಕ ಸರಳ. ಜಿಲ್ಲಾ ಕೋರ್ಟಿಗೆ ಅಪೀಲು 30 ದಿನದೊಳಗೆ, ಹೈಕೋರ್ಟಿಗೆ 90 ದಿನದೊಳಗೆ. ನಕಲು ಪಡೆಯಲು ಬೇಕಾದ ದಿನಗಳನ್ನು ಇದರಲ್ಲಿ ಹಿಡಿಯುವುದಿಲ್ಲ. ಏಕತರ್ಫಿ ಡಿಕ್ರಿ ರದ್ದು ಮಾಡಿಸಲೂ 30 ದಿನ. ಸಮನ್ಸು ಸರಿಯಾಗಿ ಜಾರಿಯಾಗಿರದಿದ್ದರೆ ಡಿಕ್ರಿ ತಿಳಿದ ದಿನದಿಂದ ಎಣಿಕೆ. ತಡವಾದರೆ 5ನೇ ಕಲಮಿನಡಿ ಮಾಫಿ ಕೇಳಬಹುದು, ಆದರೆ ತಕ್ಕ ಕಾರಣ ಬೇಕು. ಇಂಥ ಅರ್ಜಿಗಳನ್ನು ಉದಾರವಾಗಿ ನೋಡಿರೆಂದು ಸುಪ್ರೀಂ ಕೋರ್ಟು 1987ರಲ್ಲಿ ಹೇಳಿದ್ದು ನಿಜ. ಹಾಗಂತ ಹತ್ತು ವರ್ಷ ಮಲಗಿದವನನ್ನು ಎಬ್ಬಿಸಿ ಪಾಲು ಕೊಡಿ ಎಂದಲ್ಲ. ಡಿಕ್ರಿ ನಂಬಿ ಎದುರಿನವನು ಬಾವಿ ತೋಡಿ ದಾಳಿಂಬೆ ಹಚ್ಚಿರುತ್ತಾನಲ್ಲ, ಅವನಿಗೂ ನ್ಯಾಯ ಬೇಡವೆ?

‘ಮರಾಠಿ ತಿಳೀಲಿಲ್ಲ’ ಎಂಬ ಸಬೂಬು ಕೋರ್ಟಿನಲ್ಲಿ ನಿಲ್ಲುವುದು ಕಷ್ಟ. ಸೋಲಾಪುರದ ಅಡತಿಯಲ್ಲಿ ದಿನವಿಡೀ ಮರಾಠಿಯಲ್ಲಿ ವ್ಯವಹಾರ ಮಾಡುವವರು ನಾವೇ. ಆದರೂ ಮಾತಿನ ಮರಾಠಿ ಬೇರೆ, ಹುಕುಮನಾಮೆಯ ಮರಾಠಿ ಬೇರೆ. ಕನ್ನಡದವರೇ ಹೆಚ್ಚಿರುವ ಹಳ್ಳಿಗಳಿಗೆ ಕಳಿಸುವ ಸಮನ್ಸಿನ ಜೊತೆ ಒಂದು ಕನ್ನಡ ಚೀಟಿ ಇಟ್ಟರೆ ಸರ್ಕಾರಕ್ಕೆ ಏನು ಭಾರ? ಭಾಷಾ ಅಲ್ಪಸಂಖ್ಯಾತರು ಶೇ. 15ರಷ್ಟಿರುವಲ್ಲಿ ಮುಖ್ಯ ಸೂಚನೆಗಳು ಅವರ ಭಾಷೆಯಲ್ಲೂ ಬರಬೇಕೆಂಬುದು ರಾಜ್ಯಗಳು ಒಪ್ಪಿಕೊಂಡ ಮಾತೇ. ಇದನ್ನು ನಾವು ಗಟ್ಟಿಯಾಗಿ ಕೇಳಬೇಕು.

ಕೇಳುತ್ತಲೇ ನಮ್ಮ ಕೆಲಸವನ್ನೂ ಮಾಡಬೇಕು. ತೀರ್ಪಾದ ದಿನವೇ ನಕಲಿಗೆ ಅರ್ಜಿ ಹಾಕಿ, ತಾರೀಖು ಬರೆದಿಡಿ. ಉತಾರದಲ್ಲಿ ಇನ್ನೂ ಹಳೆಯ ಹೆಸರೇ ಇದೆ ಎಂದು ನಂಬಿ ಕೂಡಬೇಡಿ. ತಾಲೂಕು ಕಾನೂನು ಸೇವಾ ಸಮಿತಿಯಲ್ಲಿ ಹೆಣ್ಣುಮಕ್ಕಳಿಗೆ, ಪರಿಶಿಷ್ಟರಿಗೆ ಆದಾಯ ನೋಡದೆ ಉಚಿತ ವಕೀಲರು ಸಿಗುತ್ತಾರೆ. 2025ರ ಆಗಸ್ಟಿನಿಂದ ಹೈಕೋರ್ಟಿನ ಪೀಠ ಕೊಲ್ಹಾಪುರಕ್ಕೇ ಬಂದಿದೆ. ಸಾಂಗ್ಲಿ, ಸೋಲಾಪುರ ಜಿಲ್ಲೆಯವರಿಗೆ ಮುಂಬೈ ದೂರವೆಂಬ ಮಾತೂ ಈಗ ಉಳಿದಿಲ್ಲ. ಮಳೆ ಹೋದ ಮೇಲೆ ಬಿತ್ತಿದರೆ ಬೆಳೆ ಬರೂದಿಲ್ಲ ಅನ್ನೋದು ರೈತನಿಗೆ ಹೇಳಿಕೊಡಬೇಕೇನ್ರಿ?