ಅರ್ಹತೆಯ ಅಳತೆಗೋಲು ಯಾರ ಕೈಯಲ್ಲಿರಬೇಕು?

ವಿಶ್ವವಿದ್ಯಾನಿಲಯದಲ್ಲಿ ಪಾಠ ಹೇಳತಕ್ಕವರ ಅರ್ಹತೆಯನ್ನು ನಿಶ್ಚಯಿಸಬೇಕಾದವರು ವಿದ್ವಾಂಸರೋ, ನ್ಯಾಯಾಧೀಶರೋ? ಈ ಪ್ರಶ್ನೆಗೆ ಭಾರತಕ್ಕೆಲ್ಲ ಮಾರ್ಗದರ್ಶಕವಾದ ಉತ್ತರ ದೊರೆತುದು ನಮ್ಮ ಮೈಸೂರಿನ ವ್ಯಾಜ್ಯವೊಂದರಿಂದಲೇ ಎಂಬುದನ್ನು ನಮ್ಮ ವಿದ್ಯಾರ್ಥಿಮಿತ್ರರಲ್ಲಿ ಅನೇಕರು ಅರಿತಿರಲಾರರು.

1959ರ ಜುಲೈ ತಿಂಗಳಲ್ಲಿ ಮೈಸೂರು ವಿಶ್ವವಿದ್ಯಾನಿಲಯವು ಪ್ರಾಧ್ಯಾಪಕ ಹಾಗೂ ರೀಡರ್ ಹುದ್ದೆಗಳಿಗೆ ಅರ್ಜಿ ಕರೆಯಿತು. ಪ್ರಥಮ ಅಥವಾ ಉನ್ನತ ದ್ವಿತೀಯ ದರ್ಜೆಯ ಎಂ.ಎ. ಪದವಿ, ಇಲ್ಲವೆ ಅದಕ್ಕೆ ಸಮಾನವಾದ ವಿದೇಶೀ ಪದವಿ ಇರಬೇಕೆಂಬುದು ಷರತ್ತುಗಳಲ್ಲೊಂದು. ಕನ್ನಡದ ತಿಳಿವಳಿಕೆ ಅಪೇಕ್ಷಣೀಯವೆಂದೂ ಹೇಳಿದ್ದಿತು. ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಇಂಗ್ಲಿಷಿನ ಸಂಶೋಧನಾ ರೀಡರ್ ಆಗಿ ಅಣ್ಣಯ್ಯಗೌಡರು ನೇಮಕವಾದರು. ಸಿ. ಡಿ. ಗೋವಿಂದರಾಯರು ಇದನ್ನು ಪ್ರಶ್ನಿಸಿ ಮೈಸೂರು ಹೈಕೋರ್ಟಿನ ಮೆಟ್ಟಿಲೇರಿದರು. ‘ನೀನು ಯಾವ ಅಧಿಕಾರದಿಂದ ಈ ಹುದ್ದೆಯಲ್ಲಿ ಕುಳಿತಿದ್ದೀಯೆ?’ ಎಂದು ಕೇಳುವ ಕೋ ವಾರಂಟೋ ಎಂಬ ಆಜ್ಞೆಯನ್ನು ಅವರು ಬೇಡಿದರು.

ಗೌಡರ ಎಂ.ಎ. ಅಂಕಗಳು ಶೇಕಡಾ 50.2. ಇದನ್ನು ಉನ್ನತ ದ್ವಿತೀಯ ದರ್ಜೆ ಎನ್ನಲಾದೀತೇ ಎಂದು ಹೈಕೋರ್ಟು ನೇಮಕವನ್ನು ರದ್ದುಮಾಡಿತು. ಆದರೆ ಗೌಡರಿಗೆ ಇಂಗ್ಲೆಂಡಿನ ಡರ್ಹಮ್ ವಿಶ್ವವಿದ್ಯಾನಿಲಯದ ಎಂ.ಎ. ಪದವಿಯೂ ಇದ್ದಿತು. ಆ ಪದವಿಯ ಬೆಲೆಯನ್ನು ಕಟ್ಟಬಲ್ಲವರು ನೇಮಕಾತಿ ಮಂಡಲಿಯ ತಜ್ಞರು. ಅವರ ಅಭಿಪ್ರಾಯದಲ್ಲಿ ಕೈಹಾಕಲು ನ್ಯಾಯಾಲಯಗಳು ಸಾಮಾನ್ಯವಾಗಿ ಹಿಂಜರಿಯಬೇಕು ಎಂದು 1963ರ ಆಗಸ್ಟ್ 26ರಂದು ಸುಪ್ರೀಂ ಕೋರ್ಟು ತೀರ್ಪಿತ್ತು, ವಿಶ್ವವಿದ್ಯಾನಿಲಯದ ಪಕ್ಷವನ್ನು ಎತ್ತಿಹಿಡಿಯಿತು. ತೀರ್ಪನ್ನು ಬರೆದವರು ನ್ಯಾಯಮೂರ್ತಿ ಗಜೇಂದ್ರಗಡ್ಕರರು.

ಈ ತತ್ತ್ವ ಸರಿಯಾದುದೆಂದೇ ನನ್ನ ಮತ. ಆದರೆ ಅದು ಮಂಡಲಿಗಳಿಗೆ ಕೊಟ್ಟ ನಂಬಿಕೆಯೇ ಹೊರತು ನಿರಂಕುಶತ್ವವಲ್ಲ. ನಮ್ಮ ದೊಡ್ಡಗದ್ದವಳ್ಳಿಯಲ್ಲಿ ವಿಷ್ಣುವರ್ಧನನ ಕಾಲದ ಲಕ್ಷ್ಮೀದೇವಿಯ ಗುಡಿಯನ್ನು ಕಂಡವರಿಗೆ ಇದು ಸುಲಭವಾಗಿ ಹೊಳೆದೀತು. ಕಲ್ಲಿನ ಗುಣವನ್ನು ಕಲ್ಲುಕುಟಿಗನೇ ಬಲ್ಲ. ಆದರೂ ಗುಡಿಯನ್ನು ಕಟ್ಟಿಸಿದವರಾರೆಂಬುದನ್ನು ಶಾಸನದಲ್ಲಿ ಕೊರೆದು ಊರವರ ಎದುರಿಗೇ ನಿಲ್ಲಿಸಿದರು. ಹಾಗೆಯೇ ತಜ್ಞರು ತೂಗಲಿ. ತೂಗಿದ ಬಗೆ ಎಲ್ಲರಿಗೂ ಕಾಣಲಿ.

ಇಂದಿನ ತೊಡಕಾದರೂ ಬೇರೆ ಬಗೆಯದು. ಈಗ ಅಳತೆಗೋಲನ್ನು ಹಿಡಿದಿರುವುದು ವಿಶ್ವವಿದ್ಯಾನಿಲಯ ಧನಸಹಾಯ ಆಯೋಗ. 1991ರಲ್ಲಿ ನೆಟ್ ಪರೀಕ್ಷೆ ನಿಯಮಕ್ಕೆ ಬಂದಿತು. 2009ರ ನಿಯಮವು ತನ್ನ ಕ್ರಮದಂತೆ ಪಿಎಚ್.ಡಿ. ಪಡೆದವರಿಗೆ ಮಾತ್ರ ಅದರಿಂದ ವಿನಾಯಿತಿ ಕೊಟ್ಟಿತು. ಅದಕ್ಕೆ ಮುಂಚೆ ಪದವಿ ಗಳಿಸಿದವರು ನ್ಯಾಯಾಲಯಕ್ಕೆ ಹೋದರೂ 2015ರಲ್ಲಿ ಸುಪ್ರೀಂ ಕೋರ್ಟು ಆ ನಿಯಮವನ್ನೇ ಎತ್ತಿಹಿಡಿಯಿತು. ಮರುವರ್ಷ ಆಯೋಗವೇ ತಿದ್ದುಪಡಿ ಮಾಡಿ ಷರತ್ತುಗಳ ಮೇಲೆ ಅವರಿಗೆ ವಿನಾಯಿತಿ ನೀಡಿತು. ವಿಶ್ವವಿದ್ಯಾನಿಲಯದ ಸಹಾಯಕ ಪ್ರಾಧ್ಯಾಪಕರಿಗೆ 2021ರಿಂದ ಪಿಎಚ್.ಡಿ. ಕಡ್ಡಾಯವೆಂದು 2018ರಲ್ಲಿ ಹೇಳಿ, ಅದನ್ನು ಮುಂದೂಡಿ, 2023ರಲ್ಲಿ ಕೈಬಿಟ್ಟದ್ದೂ ಆಯಿತು. ಓಟದ ನಡುವೆ ಗುರಿಗಂಬವನ್ನು ಕಿತ್ತು ನೆಟ್ಟರೆ ಓಡುವವನ ಗತಿಯೇನು?

ನಮ್ಮ ಸರ್ಕಾರಿ ಕಾಲೇಜುಗಳ ಅತಿಥಿ ಉಪನ್ಯಾಸಕರ ಸಂಕಟವೂ ಇದೇ. ಒಂದು ಕಡೆ, ಅಲ್ಪ ಗೌರವಧನಕ್ಕೆ ವರ್ಷಾನುಗಟ್ಟಲೆ ಪಾಠ ಹೇಳಿ ಈಗ ಅರ್ಹತೆಯಿಲ್ಲವೆನ್ನಿಸಿಕೊಂಡವರು. ಇನ್ನೊಂದು ಕಡೆ, ನೆಟ್ ತೇರ್ಗಡೆಯಾಗಿಯೂ ಅವಕಾಶ ಕಾಣದವರು. ಇಬ್ಬರ ನೋವೂ ನಿಜವಾದುದೇ. ಕಾಯಂ ಹುದ್ದೆಗಳನ್ನು ಕಾಲಕಾಲಕ್ಕೆ ತುಂಬಿದ್ದರೆ ಇವರಿಬ್ಬರೂ ಎದುರು ಬದುರಾಗಿ ನಿಲ್ಲುವ ಪ್ರಮೇಯವೇ ಬರುತ್ತಿರಲಿಲ್ಲ.

ಇವೆಲ್ಲದರ ಮಧ್ಯೆ ಮರೆತುಹೋಗುವ ಮೂರನೆಯ ಪಕ್ಷಗಾರನೊಬ್ಬನಿದ್ದಾನೆ: ವಿದ್ಯಾರ್ಥಿ. ಮೈಸೂರಿನ ಮೊಕದ್ದಮೆ ಪ್ರಕಟಣೆಯಿಂದ ತೀರ್ಪಿನವರೆಗೆ ನಾಲ್ಕು ವರ್ಷ ತೆಗೆದುಕೊಂಡಿತು. ಮೂರು ವರ್ಷದ ಪದವಿಗೆಂದು ಹಳ್ಳಿಯಿಂದ ಬಸ್ಸು ಹಿಡಿದು ಹಾಸನಕ್ಕೆ ಬರುವ ಹುಡುಗನಿಗೆ ಅಷ್ಟು ಕಾಲ ಕಾಯಲು ಸಾಧ್ಯವೇ? ತೀರ್ಪು ಬರುವುದರೊಳಗೆ ಅವನ ಪರೀಕ್ಷೆಯೇ ಮುಗಿದಿರುತ್ತದೆ.

ಆದುದರಿಂದ ಆಗಬೇಕಾದುದು ಇಷ್ಟು. ಅರ್ಜಿ ಕರೆಯುವಾಗಲೇ ಅರ್ಹತೆಯನ್ನು ಸಂದೇಹಕ್ಕೆಡೆಯಿಲ್ಲದಂತೆ ಬರೆಯಲಿ. ‘ಉನ್ನತ’ ಎಂದರೆ ಎಷ್ಟೆಂದು ಅಂಕಿಯಲ್ಲಿಯೇ ಹೇಳಲಿ. ಆಯ್ಕೆಯ ಕಾರಣಗಳನ್ನು ಮಂಡಲಿಯು ಬರೆದಿಡಲಿ. ಹೊಸ ನಿಯಮ ಮಾಡುವವರು ಹಳೆಯ ನಿಯಮವನ್ನು ನಂಬಿ ಓದಿದವರಿಗೆ ತಕ್ಕಷ್ಟು ಅವಧಿ ಕೊಡಲಿ. ಇಷ್ಟಾದರೆ ನ್ಯಾಯಾಲಯದ ಬಾಗಿಲಿಗೆ ಹೋಗುವವರು ಕಡಿಮೆಯಾದಾರು, ತರಗತಿಯಲ್ಲಿ ಗುರುಗಳಿಲ್ಲದ ಕುರ್ಚಿಗಳೂ ಕಡಿಮೆಯಾದಾವು.